ಮರ್ಗರೀದ: ಹೂವೋ, ಮುತ್ತೋ?

ಓದುಗರ ಪ್ರಶ್ನೆ: ನಾನು ಸಾಗರದ ಕಡೆಯವಳು. ಮದುವೆಯಾಗಿ ಪೋರ್ಚುಗಲ್‌ನ ಪೋರ್ತೊದಲ್ಲಿದ್ದೇನೆ. ಗಂಡ ಅದೇ ಊರಿನವರು. ಇನ್ನೆರಡು ತಿಂಗಳಿಗೆ ಹೆರಿಗೆ, ಹೆಣ್ಣು ಮಗು ಎಂದು ಇಲ್ಲಿನ ಡಾಕ್ಟರ್ ಹೇಳಿದ್ದಾರೆ. ಗಂಡನ ಅಜ್ಜಿಯ ಹೆಸರು ಮಾರ್ಗರಿಡಾ. ಹೋದ ವರ್ಷ ತೀರಿಕೊಂಡರು. ಮಗುವಿಗೆ ಅದೇ ಹೆಸರಿಡಬೇಕೆಂದು ಅತ್ತೆಗೆ ಆಸೆ. ಅದು ಹೂವಿನ ಹೆಸರು ಅಂತಾರೆ ಅತ್ತೆ. ಅಲ್ಲ, ಮುತ್ತು ಅಂತಾರೆ ಗಂಡ. ಬೆಂಗಳೂರಿನಲ್ಲಿರುವ ತಮ್ಮ 'ಪಿಜ್ಜಾ ಹೆಸರಾ?' ಅಂತ ನಗುತ್ತಾನೆ. ಇಲ್ಲಿನ ಗೆಳತಿಯೊಬ್ಬಳು, 'ಆ ಹೂವಿಗೆ ಕೇಡು ಬಯಸುವವನು ಅನ್ನೋ ಅರ್ಥದ ಇನ್ನೊಂದು ಹೆಸರಿದೆ, ಆ ಜಾತಿಯ ಹೂವನ್ನು ಸಮಾಧಿಗೆ ಇಡ್ತಾರೆ, ಯೋಚನೆ ಮಾಡು' ಎಂದಳು. ಅಂದಿನಿಂದ ತಲೆಯಲ್ಲಿ ಹುಳ ಹೊಕ್ಕಿದೆ. ಅಪ್ಪನಂತೂ 'ಅದು ಕ್ರಿಶ್ಚಿಯನ್ ಹೆಸರು, ನಮ್ಮ ಕಡೆಯದ್ದು ಅಂತ ಒಂದಕ್ಷರವೂ ಇರಲ್ಲ' ಎಂದು ಮುನಿಸಿಕೊಂಡಿದ್ದಾರೆ. ನಿಜ ಏನು? ಜೊತೆಗೆ ನಮ್ಮ ಹೆಸರೊಂದನ್ನು ಸೇರಿಸಬಹುದಾ? ನನ್ನ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗದಲ್ಲಿ ಅಪ್ಪನ ಹೆಸರೇ ಇದೆ, ಅದರಿಂದ ತೊಂದರೆ ಆಗುತ್ತಾ? ಮತ್ತೆ ಈ ಹೆಸರನ್ನು ಕನ್ನಡದಲ್ಲಿ ಬರೆಯುವುದು ಹೇಗೆ?

ಉತ್ತರ: ಬಸುರಿಯ ಕಿವಿಗೆ ಎಲ್ಲರೂ ಒಂದೊಂದು ಮಾತು ಹಾಕಿಯೇ ಹಾಕುತ್ತಾರೆ. ಸಾಗರದಲ್ಲಿದ್ದರೂ ಅಷ್ಟೇ, ಪೋರ್ತೊದಲ್ಲಿದ್ದರೂ ಅಷ್ಟೇ. ನಾನು ಇಪ್ಪತ್ತು ವರ್ಷಕ್ಕೂ ಮೇಲ್ಪಟ್ಟು ಪೋರ್ಚುಗೀಸ್ ಕಾಗದಪತ್ರಗಳ ಅನುವಾದ ಮಾಡಿಕೊಂಡು ಬಂದವನು. ಜನನ ಪತ್ರ, ಮದುವೆ ಪತ್ರ, ಇಗರ್ಜಿಗಳ ಹಳೆಯ ರಿಜಿಸ್ಟರಿನ ನಕಲು, ದಿನಾ ಕೈಗೆ ಬರುವುದೆಲ್ಲ ಹೆಸರುಗಳೇ. ಮರ್ಗರೀದ ಅವುಗಳಲ್ಲಿ ತೀರಾ ಪರಿಚಿತೆ. ಹಳೆಯ ಗುಮಾಸ್ತರು ಇದನ್ನು ಪೂರ್ತಿ ಬರೆಯುವ ಗೋಜಿಗೇ ಹೋಗುತ್ತಿರಲಿಲ್ಲ. 'ಮರ್ಗ್' ಎಂದು ಬರೆದು, ಪಕ್ಕದಲ್ಲಿ ಸ್ವಲ್ಪ ಮೇಲಕ್ಕೆ ಪುಟ್ಟದಾಗಿ 'ದ' ಹಾಕಿ ಮುಗಿಸುತ್ತಿದ್ದರು. ಅಷ್ಟು ಸಲ ಬರೆಯಬೇಕಾಗಿ ಬರುತ್ತಿತ್ತು.

ನಿಮ್ಮ ಚಿಂತೆಯನ್ನು ಬಿಡಿಸಿ ನೋಡಿದರೆ ಎರಡೇ ಎಳೆ ಇದೆ. ಈ ಹೆಸರಿನಲ್ಲಿ ಕೆಟ್ಟದ್ದೇನಾದರೂ ಇದೆಯಾ? ನಮ್ಮದು ಅಂತ ಏನಾದರೂ ಅದರಲ್ಲಿ ಉಳಿಯುತ್ತಾ? ಮೊದಲನೆಯದಕ್ಕೆ, ಇಲ್ಲ. ಎರಡನೆಯದಕ್ಕೆ, ನೀವು ಅಂದುಕೊಂಡದ್ದಕ್ಕಿಂತ ಜಾಸ್ತಿಯೇ ಉಳಿಯುತ್ತದೆ.

ಬರೆಯುವ ವಿಷಯ ಸುಲಭ, ಅದನ್ನು ಮೊದಲೇ ಹೇಳಿಬಿಡುತ್ತೇನೆ. ನೀವು ಬರೆದ ಹಾಗೆ 'ಮಾರ್ಗರಿಡಾ' ಅಲ್ಲ, ಮರ್ಗರೀದ. ಇಂಗ್ಲಿಷ್ ಮೂಲಕ ಓದಿದಾಗ ನಮಗೆ 'ಡ' ಕಾಣುತ್ತದೆ. ಪೋರ್ಚುಗೀಸರದ್ದು ನಾಲಿಗೆ ಹಲ್ಲಿಗೆ ತಾಗುವ ಮೆತ್ತನೆಯ 'ದ'. ಒತ್ತು ಬೀಳುವುದು 'ರೀ' ಮೇಲೆ. ಮೊದಲಿನ 'ಮ' ಮತ್ತು 'ಗ' ಎರಡೂ ಗಿಡ್ಡ. ನಿಮ್ಮ ಅತ್ತೆ ಕರೆಯುವುದನ್ನು ಒಮ್ಮೆ ಗಮನವಿಟ್ಟು ಕೇಳಿ, ಕನ್ನಡದ ಬಾಯಿಗೆ ಇದಕ್ಕಿಂತ ಹದವಾದ ಪರದೇಶಿ ಹೆಸರು ಸಿಗುವುದು ಕಷ್ಟ. ಅಷ್ಟಕ್ಕೂ ಪೋರ್ಚುಗೀಸ್ ಮಾತು ನಮ್ಮ ಬಾಯಿಗೆ ಹೊಸದಲ್ಲ. ಮೇಜು, ಚಾವಿ, ಬಟಾಟೆ, ಅನಾನಸ್, ಪಾದ್ರಿ ಎಲ್ಲ ಅಲ್ಲಿಂದ ಬಂದು ನಮ್ಮ ಮನೆಯಲ್ಲೇ ಉಳಿದವು.

ಇನ್ನು ಅತ್ತೆ ಮತ್ತು ಗಂಡನ ಜಗಳ. ಇಬ್ಬರೂ ಸರಿ. ಆದರೆ ಸರಿಯಾಗಿರುವ ಕಾಲ ಬೇರೆ ಬೇರೆ.

ಮೊದಲು ಇದ್ದದ್ದು ಮುತ್ತು. ಗ್ರೀಕಿನಲ್ಲಿ ಮುತ್ತಿಗೆ 'ಮಾರ್ಗರೀತೆಸ್' ಎನ್ನುತ್ತಿದ್ದರು. ಅಲೆಕ್ಸಾಂಡರನ ಕಾಲದ ಆಸುಪಾಸಿನಲ್ಲಿದ್ದ ಥಿಯೊಫ್ರಾಸ್ಟಸ್ ಎಂಬ ಪಂಡಿತ ಕಲ್ಲುಗಳ ಬಗ್ಗೆ ಬರೆಯುತ್ತಾ, ಇದು ಭಾರತದ ಕಡೆಯ ಸಮುದ್ರದಲ್ಲಿ ಸಿಗುತ್ತದೆ ಎಂದು ಹೇಳಿದ್ದಾನೆ. ಸರಕು ಪೂರ್ವದಿಂದ ಬಂದ ಹಾಗೆ ಹೆಸರೂ ಪೂರ್ವದಿಂದಲೇ ಬಂತು. ಇರಾನಿನ ಕಡೆಯ ಹಳೆಯ ಭಾಷೆಯಿಂದ ಗ್ರೀಕರು ಇದನ್ನು ಎತ್ತಿಕೊಂಡರು ಎಂಬ ಮಾತಿಗೆ ಪಂಡಿತರಲ್ಲಿ ಹೆಚ್ಚು ಬೆಂಬಲವಿದೆ. ಪಾರಸಿಯಲ್ಲಿ ಇವತ್ತಿಗೂ ಮುತ್ತಿಗೆ 'ಮೊರ್ವಾರೀದ್' ಎನ್ನುತ್ತಾರೆ. ಕೊನೆಯ 'ರೀದ್' ಕೇಳಿಸಿತಾ? ಮೊರ್ವಾರೀದ್, ಮರ್ಗರೀದ. ಎರಡು ಕಡೆಯೂ ಹಳೆಯ ರೂಪದಲ್ಲಿ 'ತ' ಇತ್ತು. ಪಾರಸಿ ತನ್ನ ಪಾಡಿಗೆ ಅದನ್ನು 'ದ' ಮಾಡಿತು, ಪೋರ್ಚುಗೀಸ್ ತನ್ನ ಪಾಡಿಗೆ ಮಾಡಿತು. ಲ್ಯಾಟಿನ್ನಿನ 'ವೀತಾ', ಅಂದರೆ ಬದುಕು, ಪೋರ್ಚುಗೀಸಿನಲ್ಲಿ 'ವೀದ' ಆದ ಹಾಗೆಯೇ 'ಮಾರ್ಗರೀತಾ' ಮರ್ಗರೀದ ಆಯಿತು. ನಿನ್ನೆ ಮೊನ್ನೆ ಅಂಗಡಿಯಿಂದ ತಂದ ಹೆಸರಲ್ಲ ಇದು. ಆ ಜನರ ಬಾಯಲ್ಲಿ ಉರುಳಿ ಉರುಳಿ ನುಣುಪಾದದ್ದು.

ಇಲ್ಲಿ ನಿಮಗೆ ಇಷ್ಟವಾಗುವ ಒಂದು ಮಾತಿದೆ. ನಮ್ಮ 'ಮಂಜರಿ' ಗೊತ್ತಲ್ಲ? ತುಳಸಿಯ ತುದಿಯಲ್ಲಿ ಬರುವ ಹೂಗೊಂಚಲು. ಸಂಸ್ಕೃತದ ನಿಘಂಟು ತೆಗೆದರೆ ಮಂಜರಿಗೆ ಹೂಗೊಂಚಲು, ಮೊಗ್ಗು ಎಂಬ ಅರ್ಥದ ಜೊತೆಗೆ ಮುತ್ತು ಎಂಬ ಅರ್ಥವೂ ಇದೆ. ಗ್ರೀಕಿನ ಮಾರ್ಗರೀತೆಸ್‌ಗೂ ಈ ಮಂಜರಿಗೂ ನಂಟಿದೆ ಎಂದು ವಾದಿಸಿದ ಭಾಷಾ ಪಂಡಿತರಿದ್ದಾರೆ. ನಾನು ಇದನ್ನು ಆಣೆ ಮಾಡಿ ಹೇಳುವುದಿಲ್ಲ, ಇರಾನಿ ಮೂಲದ ವಾದವೇ ಗಟ್ಟಿ. ಆದರೆ ಒಂದೇ ಪದದೊಳಗೆ ಹೂವೂ ಮುತ್ತೂ ಇರುವುದು ನಮಗೇನೂ ಹೊಸದಲ್ಲ ಎಂಬುದಂತೂ ನಿಜ.

ಹೂವು ಬಂದದ್ದು ಆಮೇಲೆ. ಮಧ್ಯಯುಗದ ಫ್ರಾನ್ಸಿನಲ್ಲಿ ಹುಲ್ಲಿನ ನಡುವೆ ಅರಳುವ ಒಂದು ಬಿಳಿ ಹೂವನ್ನು ಜನ 'ಮಾರ್ಗರೀತ್' ಎಂದು ಕರೆದರು, ಅಂದರೆ ಮುತ್ತು. ಬಿಳಿಯ ಮೊಗ್ಗು, ದುಂಡಗೆ, ಹಸಿರಿನ ಮೇಲೆ ಚೆಲ್ಲಿದ ಹಾಗೆ. ಯಾಕೆ ಆ ಹೆಸರು ಬಂತೆಂದು ನೋಡಿದವರಿಗೆ ಬೇರೆ ಹೇಳಬೇಕಿಲ್ಲ. ಪೋರ್ಚುಗೀಸರಲ್ಲಿ ಅದಕ್ಕೆ 'ಬೋನೀನ' ಎಂಬ ಹೆಸರು ಚೆನ್ನಾಗಿಯೇ ಚಾಲ್ತಿಯಲ್ಲಿತ್ತು. ಗೋವಾದಲ್ಲೂ ಕೆಲಕಾಲ ಬಾಳಿದ ಕವಿ ಕಮೋಯ್ಶ್ 1572ರಲ್ಲಿ ಅಚ್ಚಾದ ತನ್ನ ಮಹಾಕಾವ್ಯದಲ್ಲಿ, ಕೊಲೆಯಾದ ಇನೇಶ್ ಎಂಬ ಚೆಲುವೆಯನ್ನು ಹೊತ್ತಿಗೆ ಮುಂಚೆಯೇ ಕಿತ್ತ ಬೋನೀನಕ್ಕೆ ಹೋಲಿಸುತ್ತಾನೆ. ಅಷ್ಟು ಹೊತ್ತಿಗೆ ಹೆಣ್ಣುಮಕ್ಕಳಿಗೆ ಮರ್ಗರೀದ ಎಂದು ಹೆಸರಿಡುವುದು ಶತಮಾನಗಳ ಹಳೆಯ ರೂಢಿ. ಹುಡುಗಿಯ ಹೆಸರು ಮೊದಲು, ಹೂವಿನದ್ದು ಆಮೇಲೆ. ಹುಡುಗಿಗೆ ಹೂವಿನ ಹೆಸರು ಬಂದದ್ದಲ್ಲ.

ಆದರೆ ಇವತ್ತು ಪೋರ್ತೊದ ಬೀದಿಯಲ್ಲಿ ನಿಂತು ಹತ್ತು ಜನರನ್ನು ಕೇಳಿ, ಹತ್ತೂ ಜನ ಹೂವು ಎನ್ನುತ್ತಾರೆ. ಮುತ್ತಿಗೆ ಅವರಲ್ಲಿ ಈಗ 'ಪೇರೊಲ' ಎಂಬ ಬೇರೆ ಪದವಿದೆ. ಮುತ್ತಿನ ಅರ್ಥ ನಿಘಂಟಿಗೆ ಸೇರಿಹೋಯಿತು. ನಿಮ್ಮ ಗಂಡ ಚರಿತ್ರೆಯ ಕಡೆ, ಅತ್ತೆ ಬೀದಿಯ ಕಡೆ. ಮಗು ಬೆಳೆಯುವುದು ಬೀದಿಯಲ್ಲಿ. ಹಾಗಾಗಿ ಈ ವಿಷಯದಲ್ಲಿ ನನ್ನ ಓಟು ಅತ್ತೆಗೆ.

ನಿಮ್ಮ ತಮ್ಮನ ಪಿಜ್ಜಾಕ್ಕೆ ಜಾಸ್ತಿ ಹೊತ್ತು ಬೇಡ. ಇಟಲಿಯ ರಾಣಿ ಮಾರ್ಗೆರೀಟಾ 1889ರಲ್ಲಿ ನೇಪಲ್ಸ್‌ಗೆ ಬಂದಾಗ ಅವಳ ಹೆಸರಿಟ್ಟರು ಎಂಬ ಕತೆ ಪಿಜ್ಜಾದ್ದು. ಇಟಲಿಯ ಭಾಷೆಯಲ್ಲೂ ಆ ಪದಕ್ಕೆ ಹೂವು ಎಂದೇ ಅರ್ಥ. ಅವನು ಇನ್ನೂ ನಕ್ಕರೆ ಒಂದು ಹೊಸ ಅಸ್ತ್ರ ಕೊಡುತ್ತೇನೆ. ಬ್ರೆಡ್ಡಿಗೆ ಹಚ್ಚುವ ಮಾರ್ಗರೀನ್ ಕೂಡ ಇದೇ ಮನೆಯದ್ದು. ಫ್ರಾನ್ಸಿನ ರಸಾಯನಶಾಸ್ತ್ರಜ್ಞ ಶೆವ್ರೊಲ್ 1813ರಲ್ಲಿ ಕೊಬ್ಬಿನಿಂದ ತೆಗೆದ ಒಂದು ವಸ್ತು ಮುತ್ತಿನ ಹಾಗೆ ಹೊಳೆಯುತ್ತಿತ್ತು. ಅದಕ್ಕೇ ಗ್ರೀಕಿನ ಮುತ್ತಿನ ಹೆಸರು ಹಿಡಿದು ಮಾರ್ಗರಿಕ್ ಆಸಿಡ್ ಎಂದ. ಡಬ್ಬಿಯ ಮೇಲಿನ ಹೆಸರು ಅಲ್ಲಿಂದ ಬಂತು.

ಈಗ ನಿಮ್ಮ ಗೆಳತಿಯ ಮಾತಿಗೆ ಬರೋಣ. ನಿಜವಾಗಿ ನಿಮ್ಮನ್ನು ಕಾಡುತ್ತಿರುವುದು ಅದೇ ಅಲ್ವಾ? ಅವಳು ಸುಳ್ಳು ಹೇಳಿಲ್ಲ. ಎರಡು ಬೇರೆ ಬೇರೆ ನಿಜವನ್ನು ತಂದು ಒಂದೇ ಗಂಟು ಹಾಕಿದ್ದಾಳೆ.

ಮರ್ಗರೀದದ ಹತ್ತಿರದ ಹೂವುಗಳಿಗೆ 'ಮಾಲ್ಮೆಕೇರ್' ಎನ್ನುತ್ತಾರೆ. ಪದ ಬಿಡಿಸಿದರೆ 'ನನ್ನನ್ನು ಒಲ್ಲ' ಎಂದಾಗುತ್ತದೆ. ಕೇಡು ಬಯಸುತ್ತಾನೆ ಎಂದೂ ಅನ್ನಬಹುದು. ಈ ಹೆಸರು ಬಂದದ್ದು ಹುಡುಗಿಯರ ಆಟದಿಂದ. ಹೂವಿನ ಒಂದೊಂದೇ ಎಸಳು ಕೀಳುತ್ತಾ, 'ಒಲಿದಾನೆ', 'ಒಲ್ಲ', 'ಒಲಿದಾನೆ', 'ಒಲ್ಲ' ಎಂದು ಎಣಿಸುತ್ತಾರೆ. ಕೊನೆಯ ಎಸಳು ಏನು ಹೇಳಿತೋ ಅದೇ ಭವಿಷ್ಯ. ಅದೇ ಹೂವಿಗೆ 'ಬೆಂಮೆಕೇರ್' ಎಂಬ ಹೆಸರೂ ಇದೆ, ಅಂದರೆ 'ನನ್ನನ್ನು ಒಲಿದಾನೆ'. ಗೆಳತಿ ಅದನ್ನು ಹೇಳಲು ಮರೆತಳು! ಸಾಮಾನ್ಯವಾಗಿ ಹಳದಿ ಎಸಳಿನದ್ದಕ್ಕೆ ಮಾಲ್ಮೆಕೇರ್, ಬಿಳಿಯದಕ್ಕೆ ಮರ್ಗರೀದ. ಆದರೆ ಊರಿಂದ ಊರಿಗೆ ಹೆಸರು ಅದಲುಬದಲು. ನಮ್ಮಲ್ಲಿ ಒಂದೇ ಗಿಡಕ್ಕೆ ಘಟ್ಟದ ಮೇಲೊಂದು, ಕೆಳಗೊಂದು ಹೆಸರಿಲ್ಲವಾ, ಹಾಗೆ. ಈ ಕೆಲಸದಲ್ಲಿ ಇಷ್ಟು ವರ್ಷ ಕಳೆದೆ, ಮಾಲ್ಮೆಕೇರ್ ಎಂದು ಮಗುವಿಗೆ ಹೆಸರಿಟ್ಟ ಒಂದು ಕಾಗದವನ್ನೂ ನೋಡಿಲ್ಲ.

ಸಮಾಧಿಯ ಮಾತು ಸೇವಂತಿಗೆಗೆ ಸೇರಿದ್ದು. ಪೋರ್ಚುಗಲ್‌ನಲ್ಲಿ ನವೆಂಬರ್ ಒಂದು ಎರಡರ ಹೊತ್ತಿಗೆ ತೀರಿಹೋದವರ ನೆನಪಿನಲ್ಲಿ ಸಮಾಧಿ ತೊಳೆದು ಸೇವಂತಿಗೆ ಇಡುತ್ತಾರೆ. ಅದು ಅರಳುವ ಕಾಲವೂ ಅದೇ. ಸೇವಂತಿಗೆ, ಮರ್ಗರೀದ, ಸೂರ್ಯಕಾಂತಿ, ಚೆಂಡುಹೂವು, ಜರ್ಬೆರಾ ಎಲ್ಲ ಒಂದೇ ಸಸ್ಯ ಕುಟುಂಬದವು. ಹಾಗೆಂದು ಒಬ್ಬರ ಶಕುನ ಇನ್ನೊಬ್ಬರಿಗೆ ಅಂಟುವುದಿಲ್ಲ. ಮರ್ಗರೀದ ಅಲ್ಲಿನವರಿಗೆ ಮಕ್ಕಳ ಹೂವು. ಹುಲ್ಲಿನಲ್ಲಿ ಕೂತು ದಂಡೆ ಕಟ್ಟಿ ತಲೆಗೆ ಮುಡಿಯುವ ಹೂವು. ಆದರೆ ಈ ನೆಪದಲ್ಲಿ ಒಂದು ಎಚ್ಚರಿಕೆ. ನಾಮಕರಣಕ್ಕೆ ತೊಟ್ಟಿಲಿಗೆ ಸೇವಂತಿಗೆ ಮಾಲೆ ಕಟ್ಟುವ ಯೋಚನೆ ಇದ್ದರೆ ಅತ್ತೆಗೆ ಮೊದಲೇ ಹೇಳಿಬಿಡಿ. ಇಲ್ಲದಿದ್ದರೆ ಬಾಗಿಲಲ್ಲೇ ಅವರ ಎದೆ ಧಸಕ್ಕೆಂದೀತು.

ಹೂವನ್ನು ಒಮ್ಮೆ ಕೈಯಲ್ಲಿ ಹಿಡಿದು ನೋಡಿದ್ದೀರಾ? ವಸಂತದಲ್ಲಿ ಪಾರ್ಕಿನ ಹುಲ್ಲಿನಲ್ಲಿ ಕಾಲಿಟ್ಟಲ್ಲೆಲ್ಲ ಇರುತ್ತದೆ. ಒಂದು ಬಿಳಿ ಎಸಳನ್ನು ಬುಡ ಸಮೇತ ಮೆಲ್ಲಗೆ ಎಳೆಯಿರಿ. ಬುಡದಲ್ಲಿ ಸಣ್ಣ ಕೊಳವೆ, ಅದರಿಂದ ಎರಡಾಗಿ ಸೀಳಿದ ಕೂದಲೆಳೆಯಷ್ಟು ಸಣ್ಣ ತುದಿ ಹೊರಗೆ ಇಣುಕುತ್ತದೆ. ನಾವು ಎಸಳು ಅಂದುಕೊಂಡದ್ದು ಎಸಳಲ್ಲ, ಪೂರ್ತಿ ಒಂದು ಹೂವು. ನಡುವಿನ ಹಳದಿ ಗುಂಡಿಯನ್ನು ಉಗುರಿನಿಂದ ಬಿಡಿಸಿ. ಅದೂ ಹೂವುಗಳ ರಾಶಿ. ಒಂದೊಂದಕ್ಕೂ ಐದು ಪುಟಾಣಿ ಮೂಲೆ. ಅಂಚಿನವು ಮೊದಲು ಅರಳುತ್ತವೆ, ನಡುವಿನವು ಇನ್ನೂ ಮೊಗ್ಗು. ಒಂದು ಹೂವು ಎಂದು ಕೈಗೆತ್ತಿಕೊಂಡದ್ದು ಒಂದು ಗೊಂಚಲು. ಮಂಜರಿ ಎಂದರೆ ತಪ್ಪೇ? ಸಂಜೆಯಾದರೆ ಇದು ಬಿಳಿಯನ್ನೆಲ್ಲ ಒಳಕ್ಕೆ ಮಡಚಿಕೊಂಡು ಮಲಗುತ್ತದೆ, ಬೆಳಗಾದರೆ ತೆರೆಯುತ್ತದೆ. ಇಂಗ್ಲಿಷಿನವರು ಅದಕ್ಕೇ 'ಹಗಲಿನ ಕಣ್ಣು' ಎಂದು ಹೆಸರಿಟ್ಟರು. ಅದು ಸವೆದು ಡೇಸಿ ಆಯಿತು. ಮಂಗಳೂರಿನ ಕಡೆ ಡೇಸಿ ಬಾಯಿ, ಮಾರ್ಗರೆಟ್ ಬಾಯಿ ಇಬ್ಬರೂ ಬೇಕಾದಷ್ಟಿದ್ದಾರೆ. ಹೆಸರಿನ ಲೆಕ್ಕದಲ್ಲಿ ಇಬ್ಬರೂ ಒಬ್ಬರೇ. ಡೊನಾಲ್ಡ್ ಡಕ್‌ನ ಗೆಳತಿ ಡೇಸಿಗೆ ಪೋರ್ಚುಗೀಸಿನಲ್ಲಿ ಹೆಸರೇನು ಗೊತ್ತಾ? ಮರ್ಗರೀದ. ಶಾಲೆಯಲ್ಲಿ ಮಗುವನ್ನು ಯಾರಾದರೂ ರೇಗಿಸಿದರೆ ಇದನ್ನೇ ಹಿಡಿದು ರೇಗಿಸುತ್ತಾರೆ. ಅದನ್ನು ತಡೆದುಕೊಳ್ಳಬಹುದು.

ಅಪ್ಪನ ಮುನಿಸಿಗೆ ಕಾರಣ ಇಲ್ಲವೆಂದು ಹೇಳಲಾರೆ. ಈ ಹೆಸರು ಯುರೋಪಿನಲ್ಲಿ ಹರಡಿದ್ದೇ ಒಬ್ಬ ಸಂತಳಿಂದ. ಅಂತಿಯೋಕ್‌ನ ಸಂತ ಮಾರ್ಗರೇಟ್. ಡ್ರ್ಯಾಗನ್ ಅವಳನ್ನು ನುಂಗಿತಂತೆ, ಅವಳು ಅದರ ಹೊಟ್ಟೆ ಸೀಳಿಕೊಂಡು ಗಟ್ಟಿಮುಟ್ಟಾಗಿ ಹೊರಗೆ ಬಂದಳಂತೆ. ಹೊಟ್ಟೆಯಿಂದ ಸುರಕ್ಷಿತವಾಗಿ ಹೊರಬಂದವಳು ಎಂಬ ಕಾರಣಕ್ಕೇ ಬಸುರಿಯರು ಹೆರಿಗೆಯ ಹೊತ್ತಿನಲ್ಲಿ ಅವಳನ್ನು ನೆನೆಯುತ್ತಿದ್ದರು. ಜುಲೈ 20 ಅವಳ ದಿನ. ಕತೆಗೆ ಚರಿತ್ರೆಯ ಆಧಾರ ತೀರಾ ಕಡಿಮೆ ಎಂದು 1969ರಲ್ಲಿ ಕ್ಯಾಥೊಲಿಕ್ ಸಭೆಯೇ ಅವಳನ್ನು ತನ್ನ ಸಾರ್ವತ್ರಿಕ ಪಂಚಾಂಗದಿಂದ ಕೈಬಿಟ್ಟಿತು. ಹೆಸರು ಮಾತ್ರ ಉಳಿಯಿತು.

ಆದರೆ ಈ ಹೆಸರಿಟ್ಟ ಮಾತ್ರಕ್ಕೆ ಮಗು ಕ್ರಿಶ್ಚಿಯನ್ ಆಗುವುದಿಲ್ಲ. ಜ್ಞಾನಸ್ನಾನ ಬೇರೆ, ನೋಂದಣಿ ಬೇರೆ. ಪೋರ್ಚುಗಲ್ 1911ರಲ್ಲೇ ಜನನದ ನೋಂದಣಿಯನ್ನು ಚರ್ಚಿನ ಕೈಯಿಂದ ತೆಗೆದು ಸರ್ಕಾರದ ಕೆಲಸ ಮಾಡಿತು. ಆಸ್ಪತ್ರೆಯಲ್ಲೋ ನೋಂದಣಿ ಕಚೇರಿಯಲ್ಲೋ ಹೆಸರು ಬರೆಸುವಾಗ ದೇವರ ವಿಚಾರ ಬರುವುದಿಲ್ಲ. ಜ್ಞಾನಸ್ನಾನ ಬೇಕಾ ಬೇಡವಾ ಎಂಬುದು ನೀವು ಗಂಡ ಹೆಂಡತಿ ಕೂತು ಮಾತಾಡಬೇಕಾದ ವಿಷಯ. ಹೆಸರಿನ ಮೇಲೆ ಆ ಭಾರ ಹಾಕಬೇಡಿ. ಅಪ್ಪನಿಗೆ ಇನ್ನೊಂದು ಮಾತು ಹೇಳಿ. ತೀರಿಹೋದ ಅಜ್ಜಿಯ ಹೆಸರನ್ನು ಮೊಮ್ಮಗಳ ಮಗಳಿಗೋ ಮೊಮ್ಮಗನ ಮಗಳಿಗೋ ಇಡುವುದು ಸಾಗರದಲ್ಲೂ ಇದೆ. ನಿಮ್ಮ ಅತ್ತೆ ಕೇಳುತ್ತಿರುವುದೂ ಅದನ್ನೇ.

ಹೆಸರು ಹಳೆಯದು, ಹಾಗಾದರೆ ಅಜ್ಜಿಯರ ಹೆಸರಾ ಎಂದು ಕೇಳಬಹುದು. ಬ್ರೆಜಿಲ್‌ನಲ್ಲಿ ಹೌದು. ಅಲ್ಲಿ ಮರ್ಗರೀದ ಎಂದರೆ ಹೆಚ್ಚಾಗಿ ಹಿಂದಿನ ತಲೆಮಾರಿನವರು. ಪೋರ್ಚುಗಲ್‌ನಲ್ಲಿ ಅಲ್ಲ. ಈಗ ಹುಟ್ಟುವ ಮಕ್ಕಳಿಗೂ ಹೆಚ್ಚು ಇಡುವ ಹತ್ತಿಪ್ಪತ್ತು ಹೆಸರುಗಳಲ್ಲಿ ಇದು ಬರುತ್ತದೆ. ತರಗತಿಯಲ್ಲಿ ಇನ್ನೊಬ್ಬಳು ಮರ್ಗರೀದ ಇದ್ದೇ ಇರುತ್ತಾಳೆ ಎಂಬುದಕ್ಕೆ ಸಿದ್ಧವಾಗಿರಿ.

ಬ್ರೆಜಿಲ್ ಹೆಸರು ಬಂದದ್ದರಿಂದ ಒಬ್ಬಾಕೆಯ ಬಗ್ಗೆ ಹೇಳದೆ ಮುಂದೆ ಹೋಗಲಾರೆ. ಪರಾಯಿಬಾ ರಾಜ್ಯದ ಅಲಗೊವ ಗ್ರಾಂದೆ ಎಂಬ ಊರಿನಲ್ಲಿ ಮರ್ಗರೀದ ಮರೀಯ ಆಲ್ವೆಸ್ ಎಂಬುವರು ಹೊಲದ ಕೂಲಿಕಾರರ ಸಂಘದ ಅಧ್ಯಕ್ಷೆಯಾಗಿದ್ದರು. ಕಬ್ಬಿನ ಹೊಲಗಳ ಕೂಲಿಕಾರರ ಹಕ್ಕಿಗಾಗಿ ಜಮೀನ್ದಾರರ ಮೇಲೆ ಕೇಸು ಹಾಕಿಸುತ್ತಿದ್ದರು. 1983ರ ಆಗಸ್ಟ್ 12ರಂದು ಅವರ ಮನೆಯ ಬಾಗಿಲಲ್ಲೇ ಗುಂಡಿಟ್ಟು ಕೊಂದರು. 2000ದಿಂದ ಕೆಲವು ವರ್ಷಗಳಿಗೊಮ್ಮೆ ಹಳ್ಳಿಗಳ ಹೆಂಗಸರು ಸಾವಿರಗಟ್ಟಲೆ ಸೇರಿ ರಾಜಧಾನಿ ಬ್ರೆಸೀಲಿಯಕ್ಕೆ ಮೆರವಣಿಗೆ ಹೋಗುತ್ತಾರೆ. ಅದಕ್ಕೆ 'ಮರ್ಗರೀದರ ನಡಿಗೆ' ಎಂದೇ ಹೆಸರು. ಹೂವಿನ ಹೆಸರು ನಾಜೂಕು, ಬಾಡಿಹೋಗುತ್ತದೆ ಅನ್ನುವವರಿಗೆ ನಾನು ಹೇಳುವುದು ಈ ಹೆಂಗಸಿನ ಹೆಸರು. ಇನ್ನೊಬ್ಬಳು ಮರ್ಗರೀದ ಮಾತ್ರ ಪೋರ್ಚುಗೀಸರಿಗೆ ಬೇಡವಾದವಳು. ಸ್ಪೇನಿನ ದೊರೆಯ ಪರವಾಗಿ 1634ರಿಂದ ಲಿಸ್ಬನ್ನಿನಲ್ಲಿ ಆಳುತ್ತಿದ್ದ, ಇಟಲಿಯ ಮಾಂಟುವಾದ ಡಚೆಸ್. 1640ರ ಡಿಸೆಂಬರ್ ಒಂದರಂದು ಜನ ದಂಗೆಯೆದ್ದು ಅವಳನ್ನು ಇಳಿಸಿದರು. ಆ ದಿನ ಈಗಲೂ ಅಲ್ಲಿ ಸರ್ಕಾರಿ ರಜೆ. ಅಷ್ಟಾದರೂ ಹೆಸರಿಗೆ ಮಸಿ ಹತ್ತಲಿಲ್ಲ.

ಈಗ ನೀವು ಏನು ಮಾಡಬಹುದು ಎಂಬುದಕ್ಕೆ ಬರುತ್ತೇನೆ.

ಬರೀ ಮರ್ಗರೀದ ಎಂದು ಇಡಬಹುದು. ಅಲ್ಲಿ ಯಾರೂ ಎರಡನೇ ಸಲ ಕೇಳುವುದಿಲ್ಲ. ತೊಂದರೆ ಬರುವುದು ಊರಿಗೆ ಬಂದಾಗ. ಮಾರ್ಗರೆಟ್, ಮಾರ್ಗರೀಟಾ ಎಂದೆಲ್ಲ ಬರೆಯುತ್ತಾರೆ. ಬಾಯಲ್ಲಿ ಹೇಗೆ ಕರೆದರೂ ನಡೆಯುತ್ತದೆ, ಕಾಗದದಲ್ಲಿ ನಡೆಯುವುದಿಲ್ಲ. ಒಂದು ಕುಟುಂಬಕ್ಕೆ ಒಂದು ದಾಖಲೆಯಲ್ಲಿ 'ದ', ಇನ್ನೊಂದರಲ್ಲಿ 'ತ' ಬಂದು, ಎರಡೂ ಒಬ್ಬಳೇ ಎಂದು ತೋರಿಸಲು ಎಂಟು ತಿಂಗಳು ಹಿಡಿಯಿತು. ಆ ಕಾಗದಗಳನ್ನು ಅನುವಾದ ಮಾಡಿದವನು ನಾನೇ. ಓಸಿಐ ಕಾರ್ಡಿಗೋ (ಭಾರತೀಯ ಮೂಲದ ವಿದೇಶಿ ಪ್ರಜೆಗಳಿಗೆ ನಮ್ಮ ಸರ್ಕಾರ ಕೊಡುವ ಕಾರ್ಡು) ಇನ್ನಾವುದಕ್ಕೋ ಅರ್ಜಿ ಹಾಕುವಾಗ ಪೋರ್ಚುಗೀಸ್ ಜನನ ಪತ್ರದಲ್ಲಿ ಇರುವ ಅಕ್ಷರಗಳನ್ನೇ, ಅದೇ ಸಾಲಿನಲ್ಲಿ ಬರೆಯಿರಿ. ಏಜೆಂಟರ ಕೈಗೆ ಬಿಡಬೇಡಿ.

ಎರಡನೆಯ ದಾರಿ, ಜೊತೆಗೆ ನಮ್ಮದೊಂದು ಹೆಸರು. ಇದಕ್ಕೆ ಅವಕಾಶವಿದೆ. ಪೋರ್ಚುಗಲ್‌ನ ನೋಂದಣಿ ಕಾನೂನಿನ ಪ್ರಕಾರ ಪೂರ್ತಿ ಹೆಸರಿನಲ್ಲಿ ಹೆಚ್ಚೆಂದರೆ ಆರು ಪದ. ಮಗುವಿನ ಸ್ವಂತ ಹೆಸರಿಗೆ ಎರಡು, ಮನೆತನದ ಹೆಸರುಗಳಿಗೆ ನಾಲ್ಕು. ಸಾಮಾನ್ಯವಾಗಿ ಪೋರ್ಚುಗೀಸ್ ರೂಢಿಯ ಹೆಸರನ್ನೇ ಇಡಬೇಕೆಂಬ ಕಟ್ಟುನಿಟ್ಟು ಅಲ್ಲಿ ಇದೆ. ಆದರೆ ತಂದೆ ತಾಯಿಯರಲ್ಲಿ ಒಬ್ಬರು ಬೇರೆ ದೇಶದ ಪ್ರಜೆಯಾದರೆ ಆ ದೇಶದ ಹೆಸರಿಗೆ ಒಪ್ಪಿಗೆ ಸಿಗುತ್ತದೆ. ನಿಮ್ಮ ಪಾಸ್‌ಪೋರ್ಟು ಜೊತೆಗಿಟ್ಟುಕೊಂಡು ಹೋಗಿ. ಹುಟ್ಟಿದ ಇಪ್ಪತ್ತು ದಿನದೊಳಗೆ ಬರೆಸಬೇಕು. ನಾಮಕರಣದವರೆಗೆ ನೋಡೋಣ ಎಂದು ಎಳೆಯಬೇಡಿ.

ಯಾವ ಹೆಸರು ಎಂಬಲ್ಲಿ ಸ್ವಲ್ಪ ಕಿವಿ ಬೇಕು. ಪೋರ್ಚುಗೀಸಿನಲ್ಲಿ 'ಗೆ', 'ಗಿ' ಎಂದು ನಾವು ಇಂಗ್ಲಿಷ್ ಅಕ್ಷರದಲ್ಲಿ ಬರೆದದ್ದು 'ಝೆ', 'ಝಿ' ಆಗುತ್ತದೆ. ಹಾಗಾಗಿ ಮಲ್ಲಿಗೆ 'ಮಲೀಝೆ', ಸಂಪಿಗೆ 'ಸಂಪೀಝೆ'. ಕೇಳಿದರೆ ಅಳು ಬರುತ್ತದೆ. 'ಹ' ಅವರಲ್ಲಿ ಬರೆದರೂ ಉಚ್ಚಾರವಿಲ್ಲ, ಹೇಮಾ ಹೋಗಿ 'ಏಮ' ಆಗುತ್ತಾಳೆ. ಮುಕ್ತಾ ಚೆನ್ನಾಗಿ ಹೊಂದುತ್ತದೆ, ಅರ್ಥವೂ ಮುತ್ತೇ. ಸ್ವಾತಿ ಇನ್ನೂ ಚೆಂದ. ಸ್ವಾತಿ ಮಳೆಯ ಹನಿ ಚಿಪ್ಪಿಗೆ ಬಿದ್ದರೆ ಮುತ್ತಾಗುತ್ತದೆ ಎಂಬ ನಮ್ಮ ನಂಬಿಕೆಯ ಹಾಗೆಯೇ, ಆಕಾಶದ ಇಬ್ಬನಿಯಿಂದ ಮುತ್ತು ಹುಟ್ಟುತ್ತದೆ ಎಂದು ರೋಮನರ ಪ್ಲಿನಿಯೂ ಬರೆದಿದ್ದಾನೆ.

ನನ್ನನ್ನೇ ಕೇಳಿದರೆ ಮಂಜರಿ. ಅವರು 'ಮಂಝರಿ' ಎನ್ನುತ್ತಾರೆ, ಅಷ್ಟು ವ್ಯತ್ಯಾಸ ಸಹಿಸಬಹುದು. ಕೇಳಿದ ತಕ್ಷಣ ಅವರಿಗೆ ನೆನಪಾಗುವುದು 'ಮಂಝೆರೀಕು'. ಜೂನ್ 23ರ ರಾತ್ರಿ ಪೋರ್ತೊದಲ್ಲಿ ಸಂತ ಜೊವಾಂವ್ ಹಬ್ಬ ನೋಡಿದ್ದೀರಲ್ಲ? ಆಗ ಬೀದಿಬೀದಿಯಲ್ಲಿ ಮಾರುವ, ಚೆಂಡಿನ ಹಾಗೆ ದುಂಡಗೆ ಕತ್ತರಿಸಿದ ಪುಟ್ಟ ಕುಂಡದ ಗಿಡ. ಅದು ನಮ್ಮ ಕಾಮಕಸ್ತೂರಿಯದೇ ಸಣ್ಣೆಲೆಯ ಜಾತಿ, ತುಳಸಿಗೆ ಹತ್ತಿರದ ನೆಂಟ. ಅದನ್ನು ಮೂಗಿಟ್ಟು ಮೂಸಬಾರದು. ಮೇಲೆ ಅಂಗೈ ಸವರಿ, ಕೈಯನ್ನು ಮೂಸಬೇಕು. ತುಳಸಿ ಕಟ್ಟೆಯ ಮನೆಯಿಂದ ಹೋದವಳ ಮಗಳಿಗೆ ಮಂಜರಿ ಎಂದರೆ, ನಿಮ್ಮ ಅತ್ತೆಯ ಮೂಗಿಗೆ ಮೊದಲು ಬರುವುದು ಆ ಪರಿಮಳ. ಆದರೆ ಮರ್ಗರೀದ ಮಂಜರಿ ಎಂದು ಒಟ್ಟಿಗೆ ಕೂಗಿ ನೋಡಿ, 'ಮ' ಮತ್ತು 'ರ' ಸ್ವಲ್ಪ ತೊಡರುತ್ತವೆ. ನಿಮ್ಮ ನಾಲಿಗೆಗೆ ಬಿಟ್ಟದ್ದು.

ಅಜ್ಜಿಯ ಹೆಸರು ಬಿಟ್ಟು ಬೇರೆ ಪೋರ್ಚುಗೀಸ್ ಹೂವಿನ ಹೆಸರು ಹುಡುಕುವುದೂ ಒಂದು ದಾರಿ. ವಯೋಲೇಟ ಇದೆ, ಕಮೇಲಿಯ ಇದೆ. ಕಮೇಲಿಯ ನಿಮ್ಮ ಪೋರ್ತೊದ್ದೇ ಹೂವು, ಚಳಿಗಾಲದ ತೋಟಗಳಲ್ಲಿ ನೋಡಿರುತ್ತೀರಿ. ಹೊಸ ಕಾಲದವರು ದಾಲಿಯ ಎಂದೂ ಇಡುತ್ತಾರೆ. ಓರ್ತೇನ್ಸಿಯ ತೀರಾ ಹಳೆಯ ಕಾಲದ್ದಾಯಿತು. ಅಸುಸೇನ ನನಗೆ ಇಷ್ಟ, ಅರಬ್ಬಿಯಿಂದ ಬಂದ ಪದ, ಬಿಳಿ ಲಿಲ್ಲಿ ಎಂದರ್ಥ. ಆದರೆ ಅತ್ತೆಗೆ ಬೇಕಿರುವುದು ಹೂವಲ್ಲ, ಅವರ ಅಮ್ಮ ಅಥವಾ ಅತ್ತೆಯ ನೆನಪು. ಅದರ ಬದಲಿಗೆ ಇನ್ನೊಂದು ಹೂವು ಕೊಟ್ಟರೆ ಸಮಾಧಾನ ಆಗುವುದಿಲ್ಲ. ಈ ದಾರಿಯಲ್ಲಿ ಇಬ್ಬರಿಗೂ ಅರ್ಧಂಬರ್ಧ ಬೇಜಾರು ಉಳಿಯುತ್ತದೆ ಎಂಬುದು ನನ್ನ ಅನುಭವ.

ನಿಮ್ಮ ಪಾಸ್‌ಪೋರ್ಟಿನ ಸರ್‌ನೇಮ್ ವಿಷಯ ಬಾಕಿ ಉಳಿಯಿತು. ನಮ್ಮ ಕಡೆಯವರಿಗೆ ಇದು ಯಾವಾಗಲೂ ಬರುವ ಗೋಜಲು. ನಮಗೆ ಇನಿಷಿಯಲ್ ಸಾಕು, ಅವರ ಫಾರಂನಲ್ಲಿ ಇನಿಷಿಯಲ್‌ಗೆ ಜಾಗವೇ ಇಲ್ಲ. ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಎಂದು ಏನಿದೆಯೋ ಅದನ್ನೇ ಮನೆತನದ ಹೆಸರು ಎಂದು ತೆಗೆದುಕೊಳ್ಳುತ್ತಾರೆ. ಅಲ್ಲಿನ ರೂಢಿಯಲ್ಲಿ ಮಗುವಿನ ಹೆಸರಾದ ಮೇಲೆ ಮೊದಲು ತಾಯಿಯ ಮನೆತನ, ಕೊನೆಗೆ ತಂದೆಯದ್ದು. ಅಂದರೆ ಬೇಕೆಂದರೆ ನಿಮ್ಮ ಅಪ್ಪನ ಹೆಸರು, ಬರೀ ಒಂದಕ್ಷರ ಅಲ್ಲ, ಇಡೀ ಹೆಸರು, ಮರ್ಗರೀದದ ಪಕ್ಕದಲ್ಲೇ ಕೂರುತ್ತದೆ. ಸಾಗರದಲ್ಲಿ ಹುಟ್ಟುವ ಮೊಮ್ಮಕ್ಕಳಿಗೆ ತಾಯಿಯ ತಂದೆಯ ಹೆಸರು ಹೀಗೆ ಸಿಗುವುದು ಅಪರೂಪ. ಇದನ್ನು ಅಪ್ಪನಿಗೆ ಫೋನಿನಲ್ಲಿ ಹೇಳಬೇಡಿ. ಕಾಗದದ ಮೇಲೆ ಕನ್ನಡದಲ್ಲಿ ಪೂರ್ತಿ ಹೆಸರು ಬರೆದು, ಫೋಟೋ ತೆಗೆದು ಕಳಿಸಿ. ಒಂದೇ ಒಂದು ಕಿರಿಕಿರಿ ಇದೆ. ತಾತನ ಹೆಸರು ಉದ್ದವಾಗಿದ್ದರೆ ಟೀಚರುಗಳು ಅದನ್ನು ಓದಲು ಒದ್ದಾಡುತ್ತಾರೆ, ಮಗು ಜೀವನಪೂರ್ತಿ ಅಕ್ಷರ ಬಿಡಿಸಿ ಹೇಳಬೇಕಾಗುತ್ತದೆ.

ಕರೆಯುವ ಹೆಸರಿನ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ಮರ್ಗರೀದಗಳನ್ನು ಮನೆಯಲ್ಲಿ 'ಗೀದ' ಅಂತಾರೆ, 'ಮಗೀ' ಅಂತಲೂ ಅಂತಾರೆ. ಮಗೀ ನಮ್ಮ ಮಗುವಿನ ಪಕ್ಕದ ಮನೆಯಲ್ಲೇ ಇದೆ, ನಿಮ್ಮ ಅಮ್ಮನಿಗೆ ಕಲಿಸಬೇಕಾಗಿಯೇ ಇಲ್ಲ. ಎಚ್ಚರ ಬೇಕಾದದ್ದು ನಮ್ಮ ಮುದ್ದಿನ ಮಾತಿನಲ್ಲಿ. 'ಪುಟ್ಟಾ' ಎಂದು ನಾವು ಕರೆಯುವುದು ಪೋರ್ಚುಗೀಸ್ ಕಿವಿಗೆ ಹೆಂಗಸರನ್ನು ಬೈಯುವ ಬಹಳ ಕೆಟ್ಟ ಬೈಗುಳವಾಗಿ ಕೇಳುತ್ತದೆ. ಊರಿಂದ ಬಂದ ಒಬ್ಬ ಅಜ್ಜಿ ಜಾರುಬಂಡೆಯ ಹತ್ತಿರ ನಿಂತು ಮೊಮ್ಮಗಳನ್ನು ಹೀಗೆ ಕೂಗಿ, ಸುತ್ತ ಇದ್ದ ತಾಯಂದಿರೆಲ್ಲ ತಿರುಗಿ ನೋಡಿದ ಕತೆಯನ್ನು ಆ ಮನೆಯವರೇ ನನಗೆ ಹೇಳಿ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದರು. ಬಾಣಂತನಕ್ಕೆ ನಿಮ್ಮ ಅಮ್ಮ ಬರುವವರಿದ್ದರೆ ವಿಮಾನ ಹತ್ತುವ ಮುಂಚೆಯೇ ಹೇಳಿಡಿ. ಮನೆಯೊಳಗೆ ಪುಟ್ಟಾ, ಪಾರ್ಕಿನಲ್ಲಿ ಗೀದ.